ಗುತ್ತಿಗೆದಾರನೋ ಕಾರ್ಮಿಕನೋ: ಕರಾರು ಹೇಳುವುದು ಒಂದು, ಕೆಲಸ ಹೇಳುವುದು ಇನ್ನೊಂದು

ಸಿದ್ಧ ಉಡುಪು ತಯಾರಿಸುವ ಸಣ್ಣ ಘಟಕವೊಂದನ್ನು ಕಲ್ಪಿಸಿಕೊಳ್ಳಬಹುದು. ಹಾಜರಿ ಪುಸ್ತಕದಲ್ಲಿ ಹದಿನಾಲ್ಕು ಹೆಸರುಗಳಿವೆ. ಮಹಡಿಯ ಮೇಲೆ ಓಡುತ್ತಿರುವ ಹೊಲಿಗೆ ಯಂತ್ರಗಳು ಮಾತ್ರ ಇಪ್ಪತ್ತೆರಡು. ಉಳಿದ ಎಂಟು ಮಂದಿ ಯಾರೆಂದು ತನಿಖಾಧಿಕಾರಿ ಕೇಳಿದಾಗ ಮಾಲೀಕರು ಬೀರುವಿನಿಂದ ಎಂಟು ಛಾಪಾ ಕಾಗದಗಳನ್ನು ತೆಗೆದು ಮುಂದಿಡುತ್ತಾರೆ. ಪ್ರತಿಯೊಂದರಲ್ಲೂ ಒಂದೇ ಒಕ್ಕಣೆ: ಈ ವ್ಯಕ್ತಿಯು ಸ್ವತಂತ್ರ ಗುತ್ತಿಗೆದಾರನು; ಪೀಸ್ ಲೆಕ್ಕದಲ್ಲಿ ಹಣ ಪಡೆಯುವನು; ಬರುವ ಹೋಗುವ ಸಮಯಕ್ಕೆ ನಿರ್ಬಂಧವಿಲ್ಲ; ಮಾಲೀಕ-ನೌಕರ ಸಂಬಂಧವು ಯಾವ ರೀತಿಯಲ್ಲೂ ಉಂಟಾಗತಕ್ಕದ್ದಲ್ಲ. ಕೆಳಗೆ ಸಹಿ, ಇಬ್ಬರು ಸಾಕ್ಷಿಗಳು. ಈ ಕಾಗದಗಳನ್ನು ನಂಬಿಕೊಂಡು ಮಾಲೀಕರು ಹಲವು ವರ್ಷ ನೆಮ್ಮದಿಯಾಗಿದ್ದರು.

ಆ ನೆಮ್ಮದಿಗೆ ಆಧಾರವಾದದ್ದು ಇಪ್ಪತ್ತು ಎಂಬ ಸಂಖ್ಯೆ. ಹತ್ತು ಮಂದಿ ದಾಟಿದ್ದರಿಂದ ಹದಿನಾಲ್ವರಿಗೂ ಕಾರ್ಮಿಕರ ರಾಜ್ಯ ವಿಮೆಯ ವಂತಿಗೆ ಸಲ್ಲುತ್ತಿತ್ತು. ಭವಿಷ್ಯನಿಧಿ ಕಡ್ಡಾಯವಾಗುವುದು ಇಪ್ಪತ್ತು ಮಂದಿಯಾದಾಗ. ಆ ಎಂಟು ಮಂದಿಯನ್ನು ಕಾರ್ಮಿಕರೆಂದು ಎಣಿಸಿದ ಕ್ಷಣದಲ್ಲಿ ಸಂಖ್ಯೆ ಇಪ್ಪತ್ತೆರಡಾಗುತ್ತದೆ. ಆಗ ಭವಿಷ್ಯನಿಧಿಯು ಎಂಟು ಮಂದಿಗೆ ಮಾತ್ರವಲ್ಲ, ಹಾಜರಿ ಪುಸ್ತಕದಲ್ಲಿ ಮೊದಲಿನಿಂದಲೂ ಇದ್ದ ಹದಿನಾಲ್ವರಿಗೂ ಅನ್ವಯಿಸುತ್ತದೆ; ಅದೂ ಇಪ್ಪತ್ತು ತಲುಪಿದ ದಿನದಿಂದ. ಅನೇಕ ಸಣ್ಣ ಉದ್ಯಮಿಗಳು ಗಮನಿಸದೆ ಬಿಡುವ ಸಂಗತಿ ಇದು.

ಮೊತ್ತವನ್ನು ಅಂದಾಜು ಮಾಡುವುದು ಕಷ್ಟವಲ್ಲ. ತಲಾ 12,000 ರೂಪಾಯಿ ವೇತನವೆಂದು ಹಿಡಿದು, ಮಾಲೀಕನ ಪಾಲು ಶೇ. 12 ಮತ್ತು ಕಾರ್ಮಿಕನ ಪಾಲು ಶೇ. 12 ಸೇರಿಸಿದರೆ ಒಬ್ಬರಿಗೆ ತಿಂಗಳಿಗೆ 2,880 ರೂಪಾಯಿ. ಇಪ್ಪತ್ತೆರಡು ಮಂದಿಗೆ 63,360. ಮೂರು ವರ್ಷದ ಬಾಕಿ 22,80,960 ರೂಪಾಯಿ. ಆಡಳಿತ ಶುಲ್ಕ, ಬಡ್ಡಿ ಮತ್ತು ನಷ್ಟಭರ್ತಿಯ ದಂಡ ಇದರ ಮೇಲೆ. ಕಾರ್ಮಿಕನ ಪಾಲನ್ನಾದರೂ ಅವನಿಂದ ವಸೂಲು ಮಾಡಬಹುದಲ್ಲ ಎಂದು ಕೇಳುವವರಿದ್ದಾರೆ. ಆಯಾ ಅವಧಿಯ ವೇತನದಿಂದ ಆಯಾ ಅವಧಿಯ ವಂತಿಗೆಯನ್ನು ಮಾತ್ರ ಮುರಿದುಕೊಳ್ಳಬಹುದೆಂಬುದು 1952ರ ಯೋಜನೆಯ ನಿಯಮವಾಗಿತ್ತು. ಕೊಟ್ಟು ಮುಗಿದ ವೇತನದ ಬಾಕಿಯನ್ನು ಮುಂದಿನ ವೇತನದಲ್ಲಿ ಹಿಡಿಯುವಂತಿರಲಿಲ್ಲ. ಹೀಗಾಗಿ ಎರಡೂ ಪಾಲು ಮಾಲೀಕನ ತಲೆಯ ಮೇಲೆಯೇ ಬೀಳುತ್ತವೆ.

ಹಾಗಾದರೆ ಆ ಎಂಟು ಕರಾರುಗಳಿಗೆ ಬೆಲೆಯೇ ಇಲ್ಲವೇ? ಈ ಪ್ರಶ್ನೆಗೆ ಸರ್ವೋಚ್ಚ ನ್ಯಾಯಾಲಯವು 1973ರಲ್ಲೇ, ಅದೂ ಒಂದು ದರ್ಜಿ ಅಂಗಡಿಯ ವಿಷಯದಲ್ಲಿಯೇ, ಬಹುಮಟ್ಟಿಗೆ ಉತ್ತರ ನೀಡಿದೆ.

ದರ್ಜಿ ಅಂಗಡಿಯ ಮೊಕದ್ದಮೆ

ಆಂಧ್ರಪ್ರದೇಶದ ಸಿಲ್ವರ್ ಜುಬಿಲಿ ಟೈಲರಿಂಗ್ ಹೌಸ್ ಮತ್ತು ಇತರ ಅಂಗಡಿಗಳು ಅಂಗಡಿ ಕಾಯಿದೆಯ ಮುಖ್ಯ ತನಿಖಾಧಿಕಾರಿಯ ವಿರುದ್ಧ ಹೂಡಿದ ಆ ಮೊಕದ್ದಮೆಯ ಸಂಗತಿಗಳನ್ನು ಓದಿದರೆ ತೀರ್ಪು ಅಂಗಡಿಗಳ ಪರವಾಗಿಯೇ ಆಗಿರಬೇಕೆಂದು ಯಾವ ವರ್ತಕನಿಗಾದರೂ ತೋರುತ್ತದೆ. ದರ್ಜಿಗಳಿಗೆ ಹೊಲಿದ ಉಡುಪಿನ ಲೆಕ್ಕದಲ್ಲಿ ಹಣ. ಒಬ್ಬೊಬ್ಬನ ಕೈಚಳಕಕ್ಕೆ ತಕ್ಕಂತೆ ದರವೂ ಬೇರೆ ಬೇರೆ. ದಿನವಿಡೀ ಕುಳಿತಿರಬೇಕೆಂಬ ಕಟ್ಟಳೆಯಿಲ್ಲ. ಬಾರದಿದ್ದರೆ ರಜೆಯ ಅರ್ಜಿ ಬೇಕಿಲ್ಲ, ಹೇಳಿ ಕಳುಹಿಸಬೇಕೆಂದೂ ಇಲ್ಲ. ಬೇರೆ ಅಂಗಡಿಯ ಹೊಲಿಗೆಯನ್ನು ಹಿಡಿಯಲು ಅಡ್ಡಿಯಿಲ್ಲ. ಅನುಮತಿ ಪಡೆದು ಬಟ್ಟೆಯನ್ನು ಮನೆಗೆ ಒಯ್ದು ಹೊಲಿದು ತರುವುದೂ ಇತ್ತು. ಇಷ್ಟು ಸ್ವಾತಂತ್ರ್ಯ ಉಳ್ಳವನನ್ನು ನೌಕರನೆಂದು ಕರೆಯುವುದು ಹೇಗೆ ಎಂಬುದೇ ಅಂಗಡಿಗಳ ವಾದ.

ನ್ಯಾಯಾಲಯ ಕಂಡದ್ದು ಇದರ ಇನ್ನೊಂದು ಮಗ್ಗುಲನ್ನು. ದರ್ಜಿಗಳು ಸಾಮಾನ್ಯವಾಗಿ ಅಂಗಡಿಗೇ ಬಂದು ಹೊಲಿಯುತ್ತಿದ್ದರು. ಹೊಲಿಗೆ ಯಂತ್ರ ಅಂಗಡಿಯದು. ಹೇಗೆ ಹೊಲಿಯಬೇಕೆಂಬ ಸೂಚನೆ ಅಂಗಡಿಯದು. ಸೂಚನೆಯಂತೆ ಹೊಲಿಯದಿದ್ದರೆ ತಿರಸ್ಕರಿಸಿ, ಬಿಚ್ಚಿ ಮತ್ತೆ ಹೊಲಿಯಲು ಹೇಳುವ ಅಧಿಕಾರ ಮಾಲೀಕನದು. ಆಗಲೂ ಸರಿಹೋಗದಿದ್ದರೆ ಮುಂದೆ ಕೆಲಸವಿಲ್ಲ. ನ್ಯಾಯಮೂರ್ತಿ ಕೆ. ಕೆ. ಮ್ಯಾಥ್ಯೂ ಅವರು ಬರೆದ ತೀರ್ಪಿನಂತೆ ಈ ದರ್ಜಿಗಳು ಅಂಗಡಿಯ ನೌಕರರೇ. ಕಸುಬು ಬಲ್ಲವನ ಹೆಗಲ ಮೇಲೆ ಬಾಗಿ ನಿಂತು ಪ್ರತಿ ಹೊಲಿಗೆಯನ್ನೂ ನಿರ್ದೇಶಿಸುವ ಮಾಲೀಕ ಎಲ್ಲಿಯೂ ಇಲ್ಲ. ಕೆಲಸದ ಸ್ವರೂಪಕ್ಕೆ ತಕ್ಕಷ್ಟು ನಿಯಂತ್ರಣವಿದ್ದರೆ ಸಾಕು ಎಂಬುದು ಅದರ ತಿರುಳು. ಬೇರೆಡೆ ದುಡಿಯುವ ಸ್ವಾತಂತ್ರ್ಯದ ವಿಷಯವೂ ಅಷ್ಟೇ. ಒಬ್ಬ ಮನುಷ್ಯ ಇಬ್ಬರು ಮಾಲೀಕರ ಬಳಿ ನೌಕರನಾಗಿರಲು ಯಾವ ಬಾಧಕವೂ ಇಲ್ಲ.

ಇಂದಿನ ಕರಾರು ಪತ್ರಗಳನ್ನು ಬರೆದುಕೊಡುವವರು ಸಾಮಾನ್ಯವಾಗಿ ನಂಬಿಕೊಳ್ಳುವ ಮೂರು ಅಂಶಗಳೆಂದರೆ ಪೀಸ್ ದರ, ಹಾಜರಿಯಿಲ್ಲದಿರುವಿಕೆ ಮತ್ತು ಬೇರೆಡೆ ದುಡಿಯುವ ಸ್ವಾತಂತ್ರ್ಯ. ಮೂರೂ ಈ ಮೊಕದ್ದಮೆಯಲ್ಲಿ ಸೋತಿವೆ ಎಂಬುದನ್ನು ಗಮನಿಸಬೇಕು.

ಉಪ್ಪಿನ ಮಡಿಯಿಂದ ಬೀಡಿಯ ಮೊರದವರೆಗೆ

ಈ ವಿಚಾರ ಒಂದೇ ದಿನದಲ್ಲಿ ಮೂಡಿದ್ದಲ್ಲ. ಇಂಗ್ಲೆಂಡಿನಿಂದ ಬಂದ ಹಳೆಯ ಸೂತ್ರದ ಪ್ರಕಾರ, ಏನು ಮಾಡಬೇಕೆಂದು ಮಾತ್ರ ಹೇಳುವವನು ಗುತ್ತಿಗೆ ಕೊಟ್ಟವನು. ಹೇಗೆ ಮಾಡಬೇಕೆಂದೂ ಹೇಳುವವನು ಮಾಲೀಕ. ಧ್ರಾಂಗಧ್ರಾ ಕೆಮಿಕಲ್ ವರ್ಕ್ಸ್ ಪ್ರಕರಣದಲ್ಲಿ ಈ ಸೂತ್ರಕ್ಕೆ ಮೊದಲ ಪರೀಕ್ಷೆ ಎದುರಾಯಿತು. ಕಛ್ ರಣದ ಕುಡಾ ಎಂಬಲ್ಲಿ ಅಗರಿಯಾ ಜನರು ಅಕ್ಟೋಬರಿನಿಂದ ಜೂನ್‌ವರೆಗೆ ಕಂಪನಿಯ ಭೂಮಿಯಲ್ಲಿ ಉಪ್ಪು ಬೆಳೆಯುತ್ತಿದ್ದರು. ತಲಾ ಒಂದು ಮಡಿ. ಆರಂಭದ ಖರ್ಚಿಗೆ ಕಂಪನಿಯಿಂದ ಮುಂಗಡ. ಸಿದ್ಧವಾದ ಉಪ್ಪಿಗೆ ಮಣದ ಲೆಕ್ಕದಲ್ಲಿ ಹಣ. ಕೆಲಸದ ಗಂಟೆಗಳಿಲ್ಲ, ಹಾಜರಿಯಿಲ್ಲ. ಹೆಂಡತಿ ಮಕ್ಕಳು ಜೊತೆಗೆ ದುಡಿಯುತ್ತಿದ್ದರು. ತಮ್ಮ ಖರ್ಚಿನಲ್ಲಿ ಆಳುಗಳನ್ನು ಇಟ್ಟುಕೊಳ್ಳುವ ಅಗರಿಯಾಗಳೂ ಇದ್ದರು. ಆದರೂ ಬಾವಿ ತೋಡುವ ಹಂತದಿಂದ ಉಪ್ಪು ಹರಳುಗಟ್ಟುವ ಹಂತದವರೆಗೆ ಕಂಪನಿಯ ಮೇಲ್ವಿಚಾರಣೆ ಇತ್ತು, ಗುಣಮಟ್ಟವಿಲ್ಲದ ಉಪ್ಪು ತಿರಸ್ಕೃತವಾಗುತ್ತಿತ್ತು. ಅಗರಿಯಾಗಳು ಕಾರ್ಮಿಕರೇ ಎಂದು 1956ರ ನವೆಂಬರ್‌ನಲ್ಲಿ ತೀರ್ಪಾಯಿತು. ಆಳುಗಳನ್ನು ಇಟ್ಟುಕೊಂಡಿದ್ದರೂ ಅವರು ಸ್ವತಃ ಮೈಬಗ್ಗಿಸಿ ದುಡಿಯುತ್ತಿದ್ದರೆಂಬುದು ಮುಖ್ಯವಾಯಿತು.

ಬೀಡಿ ಉದ್ಯಮದಷ್ಟು ಈ ಪ್ರಶ್ನೆಯನ್ನು ಜಾಲಾಡಿದ ಉದ್ಯಮ ಮತ್ತೊಂದಿಲ್ಲ. ಎಲೆ ಮತ್ತು ತಂಬಾಕನ್ನು ಒಬ್ಬರು ಕೊಡುವುದು, ನಡುವೆ ಒಬ್ಬ ಗುತ್ತಿಗೆದಾರ, ಮನೆಯಂಗಳದಲ್ಲಿ ಮೊರ ಹಿಡಿದು ಸುತ್ತುವವರು ಮತ್ತೊಬ್ಬರು: ಕರ್ನಾಟಕದ ಕರಾವಳಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ಮಧ್ಯಪ್ರದೇಶದ ಚಿಂತಾಮಣ್ ರಾವ್ ಪ್ರಕರಣದಲ್ಲಿ, 1958ರಲ್ಲಿ, ಕಾರ್ಖಾನೆಗೆ ಬೀಡಿ ಸರಬರಾಜು ಮಾಡುತ್ತಿದ್ದ ಸಟ್ಟೇದಾರರು ನಿಜವಾದ ಸ್ವತಂತ್ರ ಗುತ್ತಿಗೆದಾರರೆಂದೂ, ಕಾರ್ಖಾನೆ ಕಾಯಿದೆಯ ಅರ್ಥದಲ್ಲಿ ಅವರಾಗಲಿ ಅವರ ಆಳುಗಳಾಗಲಿ ಆ ಕಾರ್ಖಾನೆಯ ಕಾರ್ಮಿಕರಲ್ಲವೆಂದೂ ತೀರ್ಮಾನವಾಯಿತು. ಅವರು ತಮ್ಮದೇ ಆಳುಗಳಿಂದ ತಮಗೆ ತೋಚಿದಲ್ಲಿ ಬೀಡಿ ಕಟ್ಟಿಸಿ ತಂದು ಒಪ್ಪಿಸುತ್ತಿದ್ದರು. ಮೂರೇ ವರ್ಷದೊಳಗೆ ನಾಗಪುರದ ಬಿರ್ಧೀಚಂದ್ ಶರ್ಮಾ ಪ್ರಕರಣದಲ್ಲಿ ಕಾರ್ಖಾನೆಗೆ ಬಂದು ಬೀಡಿ ಸುತ್ತುತ್ತಿದ್ದವರು, ಇಷ್ಟ ಬಂದಾಗ ಎದ್ದು ಹೋಗುವ ಅವಕಾಶವಿದ್ದರೂ, ಕಾರ್ಮಿಕರೆನಿಸಿದರು. 1964ರಲ್ಲಿ ಮದ್ರಾಸ್ ರಾಜ್ಯದ ದಿವಾನ್ ಮೊಹಿದ್ದೀನ್ ಸಾಹಿಬ್ ಪ್ರಕರಣದಲ್ಲಿ ನ್ಯಾಯಾಲಯ ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಅಲ್ಲಿ ನಡುವಣ ಗುತ್ತಿಗೆದಾರನ ಕೈಯಲ್ಲಿ ಲಿಖಿತ ಒಪ್ಪಂದವಿತ್ತು. ಆದರೆ ಕಚ್ಚಾ ಮಾಲು ಮಾಲೀಕನದು, ದರ ಮಾಲೀಕನದು, ಗುತ್ತಿಗೆದಾರನ ಪಾಲಿಗೆ ಉಳಿಯುವುದು ಕಮಿಷನ್‌ನಂಥ ಅಲ್ಪ ಹಣ. ಅವನು ಮಾಲೀಕನ ಮಧ್ಯಸ್ಥನೇ ಹೊರತು ಬೇರೆ ವ್ಯಾಪಾರಿಯಲ್ಲ, ಒಪ್ಪಂದವು ಬರೀ ಮುಖವಾಡ ಎಂದು ತೀರ್ಪು ಹೇಳಿತು.

1966ರ ಬೀಡಿ ಮತ್ತು ಸಿಗಾರ್ ಕಾರ್ಮಿಕರ ಕಾಯಿದೆ ಮನೆಯಲ್ಲಿ ಸುತ್ತುವವರನ್ನೂ ತನ್ನ ವ್ಯಾಪ್ತಿಗೆ ತಂದಾಗ ಅದನ್ನು ಪ್ರಶ್ನಿಸಿ ನ್ಯಾಯಾಲಯದ ಮೆಟ್ಟಿಲೇರಿದವರಲ್ಲಿ ಮಂಗಳೂರಿನ ಗಣೇಶ್ ಬೀಡಿ ವರ್ಕ್ಸ್ ಪ್ರಮುಖ. 1974ರಲ್ಲಿ ಆ ಸಂಸ್ಥೆಯ ಹೆಸರಿನಲ್ಲೇ ದಾಖಲಾದ ತೀರ್ಪು ಕಾಯಿದೆಯನ್ನು ಎತ್ತಿಹಿಡಿಯಿತು. ಮನೆಯಲ್ಲಿ ಬೀಡಿ ಸುತ್ತುವವರಿಗೂ ಭವಿಷ್ಯನಿಧಿ ಸಲ್ಲುತ್ತದೆಂದು 1985ರ ಪಿ. ಎಂ. ಪಟೇಲ್ ಅಂಡ್ ಸನ್ಸ್ ಪ್ರಕರಣ ಹೇಳಿತು. ಮಾಲೀಕನ ಕಣ್ಣಿಗೆ ಬೀಳದ ಮನೆಯಲ್ಲಿ ನಡೆಯುವ ಕೆಲಸಕ್ಕೆ ನಿಯಂತ್ರಣ ಎಲ್ಲಿಂದ ಬಂತು? ತಂದ ಬೀಡಿಯನ್ನು ಆಯ್ದು ತಿರಸ್ಕರಿಸುವ ಹಕ್ಕಿನಲ್ಲಿಯೇ ನಿಯಂತ್ರಣವಿದೆ ಎಂಬುದು ಅದರ ಉತ್ತರ.

ಈ ಉತ್ತರವನ್ನು ಎಲ್ಲ ಕಸುಬಿಗೂ ಹಾಗೆಯೇ ಅನ್ವಯಿಸಿದರೆ ಕೆಟ್ಟ ಮಾಲನ್ನು ಹಿಂತಿರುಗಿಸುವ ಪ್ರತಿ ಖರೀದಿದಾರನೂ ಮಾಲೀಕನಾಗಿಬಿಡುತ್ತಾನೆ ಎಂಬ ಆಕ್ಷೇಪ ಇದ್ದೇ ಇದೆ, ಅದರಲ್ಲಿ ಹುರುಳೂ ಇದೆ. ಆದ್ದರಿಂದಲೇ ಒಂದೇ ಒರೆಗಲ್ಲು ಸಾಲದೆಂದು ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ಯಂತ್ರ ಯಾರದು, ಲಾಭ ನಷ್ಟ ಯಾರದು, ಆ ಕೆಲಸ ಸಂಸ್ಥೆಯ ವ್ಯವಹಾರದ ಒಡಲೊಳಗಿನದೋ ಹೊರಗಿನದೋ, ಕೆಲಸದವನು ತನ್ನ ಸ್ವಂತ ವ್ಯಾಪಾರ ನಡೆಸುತ್ತಿದ್ದಾನೋ ಇನ್ನೊಬ್ಬರ ವ್ಯಾಪಾರದಲ್ಲಿ ದುಡಿಯುತ್ತಿದ್ದಾನೋ ಎಂಬುದೆಲ್ಲವನ್ನೂ ತಕ್ಕಡಿಯಲ್ಲಿಟ್ಟು ತೂಗಬೇಕಾಗುತ್ತದೆ. ಕೋಳಿಕ್ಕೋಡಿನ ಹಗ್ಗ ತಯಾರಿಕೆಯ ಕಾರ್ಖಾನೆಯೊಂದರ 29 ಮಂದಿಗೆ ಕೆಲಸ ನಿರಾಕರಿಸಿದ ಹುಸೇನ್‌ಭಾಯ್ ಪ್ರಕರಣದಲ್ಲಿ, 1978ರಲ್ಲಿ, ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರು ನೇರವಾಗಿ ಕೇಳಿದ್ದು ಒಂದೇ ಪ್ರಶ್ನೆ: ಈ ಕೆಲಸಗಾರರ ಅನ್ನ ಯಾರ ಕೈಯಲ್ಲಿದೆ? ಯಾರು ಕೈಬಿಟ್ಟರೆ ಅವರ ದುಡಿಮೆ ನಿಂತುಹೋಗುತ್ತದೆಯೋ ಅವನೇ ಮಾಲೀಕ. ನಡುವೆ ಗುತ್ತಿಗೆದಾರರಿದ್ದಾರೆಂಬುದು ಗಣನೆಗೆ ಬಾರದು.

2001ರ ಸ್ಟೀಲ್ ಅಥಾರಿಟಿ ತೀರ್ಪನ್ನು ಮಾಲೀಕರ ಗೆಲುವೆಂದು ಹೇಳುವುದುಂಟು. ಅರ್ಧ ನಿಜ. ಗುತ್ತಿಗೆ ಪದ್ಧತಿಯನ್ನು ಸರ್ಕಾರ ನಿಷೇಧಿಸಿದ ಮಾತ್ರಕ್ಕೆ ಗುತ್ತಿಗೆ ಕಾರ್ಮಿಕರು ತಾವಾಗಿಯೇ ಸಂಸ್ಥೆಯ ಕಾಯಂ ನೌಕರರಾಗುವುದಿಲ್ಲವೆಂದು ಅದು ಹೇಳಿತು. ಗುತ್ತಿಗೆಯೇ ಸೋಗೆಂದು ಸಾಬೀತಾದರೆ ಅವರು ಮೊದಲಿನಿಂದಲೂ ಸಂಸ್ಥೆಯ ನೌಕರರೇ ಎಂದೂ ಅದೇ ತೀರ್ಪು ಹೇಳಿದೆ. ಈ ಉಳಿದರ್ಧವನ್ನು ಉಲ್ಲೇಖಿಸುವವರು ಕಡಿಮೆ.

ಇಲ್ಲಿ ಒಂದು ವಿಚಿತ್ರ ಪ್ರಕರಣವನ್ನು ನೆನೆಯಬಹುದು. ಗುಜರಾತಿನ ನೇತ್ರ ಶಸ್ತ್ರಚಿಕಿತ್ಸಕರೊಬ್ಬರು 1997ರಲ್ಲಿ ತಾವು ಗೌರವ ವೈದ್ಯರಾಗಿದ್ದ ಸಂಸ್ಥೆಯ ವಾಹನದ ಅಪಘಾತದಲ್ಲಿ ಮೃತರಾದರು. ಅವರು ಸಂಸ್ಥೆಯ ನೌಕರರೆಂದಾದರೆ ವಿಮಾ ಕಂಪನಿಯ ಹೊಣೆ ಅಲ್ಪ; ಅಲ್ಲವೆಂದಾದರೆ ಪೂರ್ಣ. ಎಂದಿನ ವಾದಗಳೆಲ್ಲ ಇಲ್ಲಿ ತಿರುಗುಮುರುಗಾದವು: ಹಣ ಕೊಡಬೇಕಾದವರು ಅವರನ್ನು ನೌಕರರೆಂದರು, ಕುಟುಂಬದವರು ಅಲ್ಲವೆಂದರು. 2020ರಲ್ಲಿ ಸರ್ವೋಚ್ಚ ನ್ಯಾಯಾಲಯ ಕುಟುಂಬದ ಪರವಾಗಿ ನಿಂತಿತು. ಎಲ್ಲ ಅಂಶಗಳನ್ನೂ ಒಟ್ಟಿಗೆ ತೂಗಬೇಕೆಂದ ಆ ತೀರ್ಪು, ಕಾರ್ಮಿಕ ಹಿತದ ಕಾನೂನುಗಳಲ್ಲಿ ಸಂದೇಹ ಬಂದಾಗ ತಕ್ಕಡಿ ಕಾರ್ಮಿಕನ ಕಡೆಗೆ ವಾಲುವುದು ಸಹಜವೆಂದೂ ಹೇಳಿತು.

ನಿಜವಾದ ಜಾಬ್ ವರ್ಕ್ ಯಾವುದು

ಹಾಗೆಂದು ಪ್ರತಿ ಗುತ್ತಿಗೆಯೂ ಸೋಗಲ್ಲ. ಸಣ್ಣ ಕೈಗಾರಿಕೆಗಳು ಬದುಕಿರುವುದೇ ಜಾಬ್ ವರ್ಕ್‌ನಿಂದ. ಪೀಣ್ಯದಲ್ಲೋ ಬೆಳಗಾವಿಯಲ್ಲೋ ಒಬ್ಬನು ಸಾಲ ಮಾಡಿ ಎರಡು ಲೇಥ್ ಹಾಕಿಕೊಂಡಿದ್ದಾನೆ. ಸ್ವಂತ ಶೆಡ್, ಸ್ವಂತ ವಿದ್ಯುತ್ ಬಿಲ್ಲು, ಐದಾರು ಗಿರಾಕಿಗಳು. ಇವರಲ್ಲೊಬ್ಬರು ಕಬ್ಬಿಣ ಕಳುಹಿಸಿ ನಕ್ಷೆಯಂತೆ ಕಡೆದುಕೊಡಲು ಹೇಳಿದರೆ ಅದು ಗುತ್ತಿಗೆ. ಅಳತೆ ತಪ್ಪಿದ ಮಾಲನ್ನು ಹಿಂತಿರುಗಿಸಿದರೂ ಅದು ಗುತ್ತಿಗೆಯೇ. ಕಡೆದದ್ದು ಕೆಟ್ಟರೆ ಅವನಿಗೆ ನಷ್ಟ, ಬೇಗ ಮುಗಿಸಿದರೆ ಅವನಿಗೆ ಲಾಭ, ಒಬ್ಬ ಗಿರಾಕಿ ಹೋದರೂ ಲೇಥ್ ನಿಲ್ಲುವುದಿಲ್ಲ. ಅದೇ ಮನುಷ್ಯ ಗಿರಾಕಿಯ ಶೆಡ್ಡಿನೊಳಗೆ, ಗಿರಾಕಿಯ ಲೇಥ್ ಮೇಲೆ, ಗಿರಾಕಿಯ ಫೋರ್‌ಮನ್ ಹೇಳಿದ ಕ್ರಮದಲ್ಲಿ, ನಗದು ತುಂಡಿನ ಲೆಕ್ಕಕ್ಕೆ ಕಡೆಯತೊಡಗಿದರೆ ಚಿತ್ರ ಬದಲಾಗುತ್ತದೆ. ಕೈಚಳಕ ಒಂದೇ, ಕಡೆಯುವ ತುಂಡೂ ಒಂದೇ.

ಇವೆರಡರ ನಡುವಿನ ಸ್ಥಿತಿಗಳೇ ತೊಡಕಿನವು. ಮಗ್ಗ ನೇಕಾರನದು, ನೂಲು ಮತ್ತು ವಿನ್ಯಾಸ ಸಾಹುಕಾರನದು, ವರ್ಷಗಟ್ಟಲೆ ಒಬ್ಬನೇ ಸಾಹುಕಾರನಿಗೆ ಕೂಲಿ ನೇಯ್ಗೆ ಎಂಬ ವ್ಯವಸ್ಥೆ ಗುತ್ತಿಗೆಯೋ ನೌಕರಿಯೋ ಎಂಬುದು ಆಯಾ ಪ್ರಕರಣದ ಸಾಕ್ಷ್ಯವನ್ನೇ ಅವಲಂಬಿಸಿರುತ್ತದೆ. ಗುತ್ತಿಗೆದಾರರ ಬಾಬಿನಲ್ಲಿ ಆದಾಯ ತೆರಿಗೆ ಮುರಿದಿರುವುದು, ಜಿ.ಎಸ್.ಟಿ. ಸಂಖ್ಯೆ ಇರುವುದು ಸಾಕ್ಷ್ಯದ ಒಂದೊಂದು ಎಳೆ, ಅಷ್ಟೇ. ಕಾರ್ಮಿಕನೇ ಭವಿಷ್ಯನಿಧಿ ಬೇಡವೆಂದು ಬರೆದುಕೊಟ್ಟಿದ್ದಾನೆಂಬ ಸಮರ್ಥನೆಯಂತೂ ನಿಲ್ಲುವುದಿಲ್ಲ. ಕೈಗೆ ಬರುವ ಹಣ ಕಡಿಮೆಯಾಗುತ್ತದೆಂದು ಅವನು ಹಾಗೆ ಬರೆದುಕೊಟ್ಟಿರಬಹುದು. ಕಾನೂನು ಕೊಟ್ಟ ರಕ್ಷಣೆಯನ್ನು ಅವನೂ ಬಿಟ್ಟುಕೊಡುವಂತಿಲ್ಲ.

ಹೊಸ ಸಂಹಿತೆಗಳು ಬಂದ ಮೇಲೆ

2025ರ ನವೆಂಬರ್ 21ರಿಂದ ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದಿವೆ. ಭವಿಷ್ಯನಿಧಿ, ರಾಜ್ಯ ವಿಮೆ, ಗುತ್ತಿಗೆ ಕಾರ್ಮಿಕ, ಕೈಗಾರಿಕಾ ವಿವಾದ, ಬೀಡಿ ಕಾರ್ಮಿಕ ಮೊದಲಾದ ಹಳೆಯ ಕಾಯಿದೆಗಳು ಅವುಗಳಲ್ಲಿ ಲೀನವಾಗಿವೆ. ಯಾರು ಗುತ್ತಿಗೆದಾರ, ಯಾರು ಕಾರ್ಮಿಕ ಎಂಬುದಕ್ಕೆ ಯಾಂತ್ರಿಕವಾದ ಸೂತ್ರವೊಂದನ್ನು ಸಂಹಿತೆಗಳು ಕೊಟ್ಟಿಲ್ಲವಾದ್ದರಿಂದ ಮೇಲಿನ ತೀರ್ಪುಗಳ ಬೆಳಕು ಇನ್ನೂ ಬೇಕಾಗುತ್ತದೆ.

ಗುತ್ತಿಗೆ ಕಾರ್ಮಿಕರಿಗೆ ಸಂಬಂಧಿಸಿದ ಅಧ್ಯಾಯ ಅನ್ವಯಿಸಲು ಹಿಂದಿನ 1970ರ ಕಾಯಿದೆಯಲ್ಲಿ 20 ಕಾರ್ಮಿಕರು ಸಾಕಿತ್ತು. ಔದ್ಯೋಗಿಕ ಸುರಕ್ಷತಾ ಸಂಹಿತೆಯಲ್ಲಿ ಅದು 50 ಆಗಿದೆ. ಆ ಅಧ್ಯಾಯವು ಸಂಸ್ಥೆಯ ಮೂಲ ಚಟುವಟಿಕೆಯಲ್ಲಿ ಗುತ್ತಿಗೆ ಕಾರ್ಮಿಕರನ್ನು ತೊಡಗಿಸುವುದನ್ನು ನಿಷೇಧಿಸುತ್ತದೆ. ಗಡುವಿನೊಳಗೆ ಮುಗಿಸಬೇಕಾದ ಕೆಲಸ ಹಠಾತ್ತಾಗಿ ಏರಿದಾಗ ಮತ್ತು ಇನ್ನು ಕೆಲವು ಸಂದರ್ಭಗಳಲ್ಲಿ ವಿನಾಯಿತಿಯಿದೆ. ಐವತ್ತರೊಳಗಿದ್ದೇವೆ, ಇನ್ನು ಚಿಂತೆಯಿಲ್ಲವೆಂದು ಸಣ್ಣ ಉದ್ಯಮಿ ಭಾವಿಸಿದರೆ ಅದು ತಪ್ಪು ಲೆಕ್ಕ. ಭವಿಷ್ಯನಿಧಿಯ ಇಪ್ಪತ್ತು, ರಾಜ್ಯ ವಿಮೆಯ ಹತ್ತು ಎಂಬ ಗಡಿಗಳು ಹಾಗೆಯೇ ಇವೆ.

ಇನ್ನೊಂದು ಮಾತು ಇದಕ್ಕಿಂತ ಮುಖ್ಯ. ಗುತ್ತಿಗೆದಾರ ನಿಜವಾದವನೇ ಆಗಿದ್ದರೂ ಅವನ ಆಳುಗಳ ಭವಿಷ್ಯನಿಧಿ ಮತ್ತು ವಿಮೆಯ ಹೊಣೆ ಪ್ರಧಾನ ನಿಯೋಜಕನನ್ನು ಪೂರ್ತಿ ಬಿಡುವುದಿಲ್ಲ. ಹೈದರಾಬಾದಿನ ರಾಯಲ್ ಟಾಕೀಸ್ ಪ್ರಕರಣದಲ್ಲಿ, 1978ರಲ್ಲಿ, ಚಿತ್ರಮಂದಿರದ ಕ್ಯಾಂಟೀನನ್ನೂ ಸೈಕಲ್ ಸ್ಟ್ಯಾಂಡನ್ನೂ ಬೇರೆಯವರು ಗುತ್ತಿಗೆ ಹಿಡಿದಿದ್ದರು. ಅಲ್ಲಿ ದುಡಿಯುತ್ತಿದ್ದವರಿಗೂ ರಾಜ್ಯ ವಿಮೆಯ ವಂತಿಗೆ ಸಲ್ಲಿಸುವ ಹೊಣೆ ಚಿತ್ರಮಂದಿರದ ಮೇಲೆಯೇ ಬಂತು. ಸಂಹಿತೆಯಲ್ಲಿಯೂ ಈ ತತ್ತ್ವ ಮುಂದುವರಿದಿದೆ. ಆದ್ದರಿಂದ ಗುತ್ತಿಗೆದಾರನ ಬಿಲ್ಲು ಪಾವತಿಸುವ ಮುನ್ನ ಆ ತಿಂಗಳ ವಂತಿಗೆ ಕಟ್ಟಿದ ಚಲನ್‌ನ ಪ್ರತಿಯನ್ನು, ಹೆಸರುಗಳ ಪಟ್ಟಿಯೊಡನೆ ಪಡೆದು ಕಡತದಲ್ಲಿಡುವುದು ಜಾಣತನ.

ಉದ್ಯಮಿಗಳಿಗೆ ಅನುಕೂಲವಾದ ಎರಡು ಬದಲಾವಣೆಗಳೂ ಇವೆ. ಬಾಕಿ ನಿರ್ಧರಿಸುವ ವಿಚಾರಣೆಯನ್ನು ಐದು ವರ್ಷ ಕಳೆದ ಮೇಲೆ ಆರಂಭಿಸುವಂತಿಲ್ಲವೆಂದು ಸಾಮಾಜಿಕ ಭದ್ರತಾ ಸಂಹಿತೆ ಹೇಳುತ್ತದೆ. 1952ರ ಕಾಯಿದೆಯಲ್ಲಿ ಅಂಥ ಗಡಿ ಇರಲಿಲ್ಲ. ಎರಡನೆಯದು ನಿಗದಿತ ಅವಧಿಯ ನೇಮಕಾತಿ. ಹಬ್ಬದ ಹಂಗಾಮಿಗೋ ರಫ್ತಿನ ಆದೇಶಕ್ಕೋ ಆರು ತಿಂಗಳು, ವರ್ಷ ಎಂದು ಲಿಖಿತ ಒಪ್ಪಂದದ ಮೇಲೆ ನೇರವಾಗಿ ನೇಮಿಸಿಕೊಳ್ಳಬಹುದು. ವೇತನ ಮತ್ತು ಸೌಲಭ್ಯ ಅದೇ ಕೆಲಸದ ಕಾಯಂ ಕಾರ್ಮಿಕನಿಗೆ ಸಮನಾಗಿರಬೇಕು. ಒಂದು ವರ್ಷ ದುಡಿದರೆ ಉಪದಾನವೂ ಸಲ್ಲುತ್ತದೆ. ಅವಧಿ ಮುಗಿದು ಕೆಲಸ ನಿಂತರೆ ಅದು ಹಿಂಬಡ್ತಿಯೂ ಅಲ್ಲ, ವಜಾವೂ ಅಲ್ಲ, ಕಾನೂನಿನ ಅರ್ಥದ ಕಾರ್ಮಿಕ ಕಡಿತವೂ ಅಲ್ಲ. ಛಾಪಾ ಕಾಗದದ ಗುತ್ತಿಗೆಗಿಂತ ಇದು ಖರ್ಚಿನದೆಂದು ಕಂಡರೂ ನಂತರ ಬರುವ ಬೇಡಿಕೆ ನೋಟೀಸಿಗಿಂತ ಅಗ್ಗವೇ.

ಗಿಗ್ ಕಾರ್ಮಿಕ ಎಂಬ ಹೊಸ ಹೆಸರೂ ಈಗ ಕಾನೂನಿನಲ್ಲಿದೆ. ಕರ್ನಾಟಕವು 2025ರಲ್ಲಿ ಇವರಿಗಾಗಿ ಪ್ರತ್ಯೇಕ ಕಾಯಿದೆಯನ್ನೇ ಮಾಡಿದೆ. ಅದು ಆ್ಯಪ್ ಮೂಲಕ ಸೇವೆ ಒದಗಿಸುವ ಕಂಪನಿಗಳಿಗೆ ಸಂಬಂಧಿಸಿದ್ದು. ತನ್ನ ಅಂಗಡಿಯ ಸಾಮಾನು ತಲುಪಿಸಲು ಹುಡುಗನೊಬ್ಬನನ್ನು ಇಟ್ಟುಕೊಂಡ ವರ್ತಕನು ಆ ಹುಡುಗನನ್ನು ಗಿಗ್ ಕಾರ್ಮಿಕನೆಂದು ಕರೆದು ಪಾರಾಗಲಾರ.

ಮೊದಲು ಹೇಳಿದ ಉಡುಪು ಘಟಕಕ್ಕೆ ಮರಳಿದರೆ, ಮಾಲೀಕರ ಮುಂದೆ ಎರಡು ದಾರಿಗಳಿವೆ. ಆ ಎಂಟು ಮಂದಿಯನ್ನು ಹಾಜರಿ ಪುಸ್ತಕಕ್ಕೆ ಸೇರಿಸಿ, ಇಪ್ಪತ್ತೆರಡು ಮಂದಿಗೂ ಭವಿಷ್ಯನಿಧಿಯ ಸಂಕೇತ ಸಂಖ್ಯೆ ಪಡೆದು, ಆ ವೆಚ್ಚವನ್ನು ಉಡುಪಿನ ದರದಲ್ಲಿ ಲೆಕ್ಕ ಹಾಕಿ ಖರೀದಿದಾರರೊಡನೆ ಮಾತನಾಡುವುದು ಒಂದು. ಹೊಲಿಗೆಯ ಆ ಭಾಗವನ್ನು ತನ್ನದೇ ಯಂತ್ರ, ತನ್ನದೇ ಜಾಗ, ತನ್ನದೇ ಆಳುಗಳು ಮತ್ತು ಬೇರೆ ಗಿರಾಕಿಗಳಿರುವ ಘಟಕಕ್ಕೆ ನಿಜವಾಗಿಯೇ ಜಾಬ್ ವರ್ಕ್ ಕೊಡುವುದು ಇನ್ನೊಂದು. ಆಗ ಚಲನ್, ಸರಕು ರವಾನೆ ಚೀಟಿ, ಬಿಲ್ಲು ಎಲ್ಲವೂ ಆ ವ್ಯವಹಾರಕ್ಕೆ ಸಾಕ್ಷಿಯಾಗುತ್ತವೆ. ಎಂಟು ಮಂದಿಯನ್ನು ಅದೇ ಮಹಡಿಯಲ್ಲಿ, ಅದೇ ಯಂತ್ರಗಳ ಮುಂದೆ ಕೂರಿಸಿಕೊಂಡು ಕರಾರಿನ ಒಕ್ಕಣೆಯನ್ನು ಮಾತ್ರ ಬಿಗಿ ಮಾಡಿಸಲು ವಕೀಲರ ಬಳಿಗೆ ಹೋಗುವುದು ಮೂರನೆಯ ದಾರಿಯಲ್ಲ. ತನಿಖಾಧಿಕಾರಿ ಮೊದಲು ಬರೆದುಕೊಳ್ಳುವುದು ಓಡುತ್ತಿರುವ ಯಂತ್ರಗಳ ಸಂಖ್ಯೆಯನ್ನು. ಕರಾರನ್ನು ಓದುವುದು ಆಮೇಲೆ.